ಫ್ಯಾನ್ ಹೆಸರಿನದೇ ಮಿಕ್ಸರ್, ಆದರೆ ಕಂಪನಿ ಬೇರೆಯಂತೆ. ಇದು ಹೇಗೆ ನಡೆಯುತ್ತೆ?

ಬ್ಯಾಡಗಿ ರೊಟ್ಟಿಮನೆ:

ಎಲ್ಲರಿಗೂ ನಮಸ್ಕಾರ ರೀ. ತಲೆ ಕೆಟ್ಟು ಹೋಗಿದೆ, ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ನಮ್ಮದು ಬ್ಯಾಡಗಿ. ನನ್ನ ಹೆಂಡತಿ ಮತ್ತು ಅತ್ತಿಗೆ ಸೇರಿ ಮನೆಯಲ್ಲೇ ಖಡಕ್ ರೊಟ್ಟಿ, ಶೇಂಗಾ ಚಟ್ನಿ, ಗುರೆಳ್ಳು ಚಟ್ನಿ ಮಾಡಿ ಮಾರುತ್ತಾರೆ. ಹೋದ ದೀಪಾವಳಿಗೆ ಒಂದು ದೊಡ್ಡ ಮಿಕ್ಸರ್ ತಂದೆ. ಯಾವ ಕಂಪನಿ ಅಂತ ಜಾಸ್ತಿ ಯೋಚನೆ ಮಾಡಲಿಲ್ಲ. ಯಾಕೆಂದರೆ ಅದೇ ಹೆಸರಿನ ಫ್ಯಾನ್ ನಮ್ಮ ಪಡಸಾಲೆಯಲ್ಲಿ ಅಪ್ಪ ಇದ್ದಾಗಿನಿಂದ ತಿರುಗುತ್ತಿದೆ, ಒಂದು ದಿನ ಕಿರ್ ಅಂದಿಲ್ಲ. ಮಿಕ್ಸರ್ ಮಾತ್ರ ಆರು ತಿಂಗಳಿಗೆ ಮೋಟಾರ್ ಸುಟ್ಟುಕೊಂಡು ಕೂತಿತು.

ವಾರಂಟಿ ಇದೆಯಲ್ಲ ಅಂತ ಬಸ್ಸಿನಲ್ಲಿ ತೊಡೆ ಮೇಲೆ ಇಟ್ಟುಕೊಂಡು ಹುಬ್ಬಳ್ಳಿ ಸರ್ವಿಸ್ ಸೆಂಟರಿಗೆ ಹೋದೆ. ಅಲ್ಲಿನ ಹುಡುಗ ಒಂದು ಸಲ ತಿರುಗಿಸಿ ನೋಡಿ, "ಕಾಕಾ, ಇದು ನಮ್ಮದಲ್ಲ, ನಮ್ಮ ಕಂಪನಿ ಮಿಕ್ಸರ್ ಮಾಡೋದೇ ಇಲ್ಲ" ಅಂದ. ಹಾಗಾದರೆ ನಕಲಿನಾ ಅಂತ ಕೇಳಿದೆ. "ಇಲ್ಲ ಕಾಕಾ, ಇದೂ ಅಸಲಿನೇ, ಆದರೆ ಬೇರೆ ಕಂಪನಿ" ಅಂದ. ಹೆಸರು ಇಲ್ಲಿ ಹಾಕುವುದಿಲ್ಲ, ಸುಮ್ನೆ ಯಾಕೆ ಜಗಳ.

ನನ್ನ ಪ್ರಶ್ನೆ ಇಷ್ಟೇ. ಒಂದೇ ಹೆಸರು ಇಬ್ಬರ ಹತ್ತಿರ ಇದ್ದು ಇಬ್ಬರೂ ಅಸಲಿ ಆಗುವುದು ಹೇಗೆ? ಇನ್ನೊಂದು, ನಮ್ಮ ಚಟ್ನಿಗೂ ಈಗ ಹೆಸರು ಇಡಬೇಕಾಗಿದೆ. ಅತ್ತಿಗೆಗೆ ಸಿದ್ಧಾರೂಢ ಅಜ್ಜನ ಮೇಲೆ ಭಕ್ತಿ, "ಸಿದ್ಧಾರೂಢ ಚಟ್ನಿ" ಅಂತ ಇಡೋಣ ಅನ್ನುತ್ತಾರೆ. ಇಡಬಹುದಾ?

ಉಣಕಲ್ ಕೆರೆ ದಂಡೆ:

ಅಣ್ಣಾ, ಮೊದಲು ನಿಮ್ಮ ಅಂಗಿ ಎತ್ತಿ ಬನಿಯನ್ ನೋಡಿಕೊಳ್ಳಿ. ಲಕ್ಸ್ ಇದ್ದರೆ ಬಚ್ಚಲಿಗೆ ಹೋಗಿ ಸೋಪೂ ನೋಡಿ. ಸೋಪು ಹಿಂದೂಸ್ತಾನ್ ಯೂನಿಲಿವರ್‌ನದು. ಬನಿಯನ್ನು ಕೋಲ್ಕತ್ತಾದ ಲಕ್ಸ್ ಇಂಡಸ್ಟ್ರೀಸ್‌ನದು, ಅವರು 1957ರಲ್ಲಿ ಬಿಸ್ವನಾಥ್ ಹೋಸಿಯರಿ ಅಂತ ಶುರು ಮಾಡಿದವರು. ಇಬ್ಬರಿಗೂ ಸಂಬಂಧ ಇಲ್ಲ. ಬನಿಯನ್ ಹರಿದರೆ ಯಾರೂ ಸೋಪಿನವರನ್ನು ಬೈಯುವುದಿಲ್ಲ, ಅಲ್ವಾ? ನಿಮ್ಮದು ಫ್ಯಾನು ಮಿಕ್ಸರು ಆಗಿದ್ದಕ್ಕೆ ಗೊಂದಲ ಆಗಿದೆ, ಎರಡೂ ಒಂದೇ ಅಂಗಡಿಯಲ್ಲಿ ಸಿಗುತ್ತವಲ್ಲ.

ಟ್ರೇಡ್‌ಮಾರ್ಕ್‌ನಲ್ಲಿ, ಅಂದರೆ ವ್ಯಾಪಾರದ ಹೆಸರು, ಗುರುತುಗಳ ಸರ್ಕಾರಿ ನೋಂದಣಿಯಲ್ಲಿ, ಸಾಮಾನು, ಸೇವೆ ಎಲ್ಲವನ್ನೂ 45 ವರ್ಗ ಮಾಡಿದ್ದಾರೆ. ಹೆಸರು ನೋಂದಣಿ ಆಗುವುದು ವರ್ಗದ ಲೆಕ್ಕದಲ್ಲಿ. ಸೋಪು 3ನೇ ವರ್ಗ, ಬನಿಯನ್ನು 25ನೇ ವರ್ಗ. ನಿಮ್ಮ ಕಥೆ ಇನ್ನೂ ಮಜಾ ಇದೆ ನೋಡಿ. ಫ್ಯಾನು ಬರುವುದು 11ರಲ್ಲಿ, ಕರೆಂಟಿನ ಮಿಕ್ಸರು 7ರಲ್ಲಿ! ಅಡುಗೆಮನೆಗೂ ಪಡಸಾಲೆಗೂ ನಡುವೆ ಒಂದು ಗೋಡೆ, ಆದರೆ ಟ್ರೇಡ್‌ಮಾರ್ಕ್ ಪುಸ್ತಕದಲ್ಲಿ ಅವು ಬೇರೆ ಬೇರೆ ಊರು.

ಹೊರದೇಶದಲ್ಲೂ ಇದೇ ಗೋಳು. ಬೀಟಲ್ಸ್ ಹಾಡುಗಾರರು 1968ರಲ್ಲಿ ಆಪಲ್ ಅಂತ ಕಂಪನಿ ಮಾಡಿದ್ದರು, 1976ರಲ್ಲಿ ಕಂಪ್ಯೂಟರ್ ಆಪಲ್ ಹುಟ್ಟಿತು. ನೀವು ಹಾಡಿನ ತಂಟೆಗೆ ಬರಬೇಡಿ, ನಾವು ಕಂಪ್ಯೂಟರ್ ತಂಟೆಗೆ ಬರುವುದಿಲ್ಲ ಅಂತ 1981ರಲ್ಲಿ ರಾಜಿ ಆಯಿತು. ಆಮೇಲೆ ಕಂಪ್ಯೂಟರೇ ಹಾಡಲು ಶುರು ಮಾಡಿತು. ಜಗಳ ಪೂರ್ತಿ ಮುಗಿದದ್ದು 2007ರಲ್ಲಿ.

ಕೋರ್ಟ್ ಸರ್ಕಲ್:

ಧಾರವಾಡದಲ್ಲಿ ವಕೀಲಿ ಮಾಡುತ್ತೇನೆ. ಮೇಲಿನವರು ಹೇಳಿದ್ದು ಸರಿ, ಆದರೆ ವರ್ಗ ಬೇರೆ ಅಂದ ಮಾತ್ರಕ್ಕೆ ಎಲ್ಲ ಸಲೀಸು ಅಂದುಕೊಳ್ಳಬೇಡಿ.

ಆಪಲ್ ಯಾಕೆ, ನಮ್ಮ ನಂದಿನಿನೇ ಇದೆಯಲ್ಲ. ಕೆಎಂಎಫ್ 1985ರಿಂದ ಹಾಲಿಗೆ ಈ ಹೆಸರು ಬಳಸುತ್ತಿದೆ. ಬೆಂಗಳೂರಿನಲ್ಲಿ ಆಂಧ್ರ ಊಟದ ನಂದಿನಿ ಡಿಲಕ್ಸ್ 1989ರಿಂದ ಇದೆ, ಇಂಗ್ಲಿಷ್ ಸ್ಪೆಲಿಂಗಿನಲ್ಲಿ ಒಂದು ಅಕ್ಷರ ಜಾಸ್ತಿ ಅಷ್ಟೇ. ಹೋಟೆಲಿನವರು ತಮ್ಮ ಹೆಸರು ನೋಂದಣಿ ಮಾಡಿಸಲು ಹೋದಾಗ ಕೆಎಂಎಫ್ ತಕರಾರು ತೆಗೆಯಿತು. ಕರ್ನಾಟಕ ಹೈಕೋರ್ಟಿನಲ್ಲಿ ಕೆಎಂಎಫ್ ಗೆದ್ದಿತು, ಆದರೆ 2018ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಿರುಗಿಸಿತು. ನಂದಿನಿ ಅನ್ನುವುದು ಹಸುವಿನ ಹೆಸರು, ದೇವಿಯ ಹೆಸರು, ಯಾರೂ ಹುಟ್ಟಿಸಿದ ಪದ ಅಲ್ಲ. ಒಬ್ಬರು ಹಾಲು ಮಾರುತ್ತಾರೆ, ಇನ್ನೊಬ್ಬರು ಊಟ ಹಾಕುತ್ತಾರೆ. ಇವರ ಗುರುತಿನಲ್ಲಿ ಹಸು, ಅವರದರಲ್ಲಿ ದೀಪ. ಜನ ಮೋಸ ಹೋಗುವುದಿಲ್ಲ ಅಂತ ಕೋರ್ಟ್ ಹೇಳಿತು. ಹಾಲು, ಹಾಲಿನ ಪದಾರ್ಥಕ್ಕೆ ಮಾತ್ರ ಹೋಟೆಲಿನವರಿಗೆ ಆ ಹೆಸರು ಸಿಗಲಿಲ್ಲ.

ಹಾಗಂತ ಬೆಂಜ್ ಅಂತ ಚಡ್ಡಿ ಹೊಲಿಯಬಹುದಾ? ಒಬ್ಬರು ಹೊಲಿದರು. ದೆಹಲಿ ಹೈಕೋರ್ಟ್ ನಿಲ್ಲಿಸಿತು. ಹೋಂಡಾ ಅಂತ ಪ್ರೆಶರ್ ಕುಕ್ಕರ್ ಮಾಡಿದವರಿಗೂ ಅದೇ ಗತಿ ಆಯಿತು. ಹೆಸರು ಅಷ್ಟು ದೊಡ್ಡದಾಗಿದ್ದರೆ ವರ್ಗ ಬೇರೆ ಅನ್ನುವ ಮಾತು ಕೆಲಸಕ್ಕೆ ಬರುವುದಿಲ್ಲ. ಬೆಂಜ್ ಅಂದಕೂಡಲೇ ಕಾರು ನೆನಪಾಗುತ್ತೆ, ನಂದಿನಿ ಅಂದರೆ ಹಾಲೂ ನೆನಪಾಗಬಹುದು, ಪಕ್ಕದ ಮನೆ ಹುಡುಗಿಯೂ ನೆನಪಾಗಬಹುದು. ವ್ಯತ್ಯಾಸ ಅಲ್ಲಿದೆ.

ಸಿದ್ಧಾರೂಢ ಹೆಸರಿನ ಬಗ್ಗೆ ನನ್ನ ಅಭಿಪ್ರಾಯ: ಇಟ್ಟರೆ ಯಾರೂ ನಾಳೆಯೇ ನೋಟಿಸ್ ಕಳಿಸುವುದಿಲ್ಲ. ಆದರೆ ಅದೇ ಹೆಸರಿನಲ್ಲಿ ಯಾರಾದರೂ ಮೊದಲಿನಿಂದ ಮಸಾಲೆ, ಚಟ್ನಿ ಮಾರುತ್ತಿದ್ದರೆ ತೊಂದರೆ. ಅವರು ನೋಂದಣಿ ಮಾಡಿಸಿರದಿದ್ದರೂ ಮೊದಲು ಬಳಸಿದವರಿಗೆ ಕಾನೂನಿನಲ್ಲಿ ಬಲ ಇದೆ. ಮತ್ತೆ ನಾಳೆ ನಿಮ್ಮ ಚಟ್ನಿ ಹೆಸರು ಮಾಡಿದಾಗ, ಇನ್ನೊಬ್ಬರು ಅದೇ ಹೆಸರು ಇಟ್ಟರೆ ತಡೆಯುವುದು ನಿಮಗೂ ಕಷ್ಟ. ಊದಿನಕಡ್ಡಿಗೆ ರಾಮಾಯಣ ಅಂತ ಹೆಸರಿಟ್ಟು ಅದು ತನಗೊಬ್ಬನಿಗೇ ಬೇಕು ಅಂದವನಿಗೆ 2015ರಲ್ಲಿ ಸುಪ್ರೀಂ ಕೋರ್ಟ್ ಇಲ್ಲ ಅಂದಿತು.

ಗದಗ ಪ್ರೆಸ್:

ನಮ್ಮದು ಪ್ರಿಂಟಿಂಗ್ ಪ್ರೆಸ್, ಲೇಬಲ್ ಹೊಡೆಯುತ್ತೇವೆ. ವಕೀಲರು ಕೋರ್ಟಿನ ಕಥೆ ಹೇಳಿದರು, ನಾನು ಟೇಬಲ್ಲಿನ ಕಥೆ ಹೇಳುತ್ತೇನೆ. ಹೊಸದಾಗಿ ಉಪ್ಪಿನಕಾಯಿ ಶುರು ಮಾಡಿದವರು ಬಂದು, ಇನ್ನೊಬ್ಬರ ಪಾಕೀಟು ಮುಂದಿಟ್ಟು, "ಹೆಸರು ಬೇರೆ ಹಾಕಿ, ಉಳಿದದ್ದು ಹೀಗೇ ಇರಲಿ" ಅನ್ನುತ್ತಾರೆ. ಅದೇ ಕೆಂಪು, ಅದೇ ಹಳದಿ, ಅದೇ ಸೀರೆ ಉಟ್ಟ ಹೆಂಗಸು. ಒಂದೇ ಹೆಸರು ಇರುವುದು ದೊಡ್ಡ ಮೋಸ ಅಲ್ಲ ಸ್ವಾಮಿ, ಹೆಸರು ಬೇರೆ ಇಟ್ಟು ಬಣ್ಣ ಕದಿಯುವುದು ಅದಕ್ಕಿಂತ ಮೋಸ. ನಾನು ಒಲ್ಲೆ ಅಂದರೆ ಪಕ್ಕದ ಪ್ರೆಸ್ಸಿಗೆ ಹೋಗುತ್ತಾರೆ, ಗದಗಿನಲ್ಲಿ ಪ್ರೆಸ್ಸಿಗೇನು ಬರ.

ಇನ್ನೊಂದು ಜಾತಿಯ ಹೆಸರೂ ಇದೆ, ಯಾರೂ ಹೇಳಲಿಲ್ಲ. ಹುಬ್ಬಳ್ಳಿಯಲ್ಲಿ ಸಾವಜಿ ಖಾನಾವಳಿ ಎಷ್ಟಿವೆ? ಎಲ್ಲವೂ ಒಬ್ಬನ ಬ್ರಾಂಚ್ ಅಂತ ಹೊರಗಿನವರು ಅಂದುಕೊಳ್ಳುತ್ತಾರೆ, ಆದರೆ ಅದು ಸಮುದಾಯದ ಹೆಸರು, ಅಡುಗೆಯ ಹೆಸರು. ಧಾರವಾಡ ಪೇಡೆಯೂ ಹಾಗೇ, ಠಾಕೂರ್ ಅವರದೂ ಧಾರವಾಡ ಪೇಡೆ, ಮಿಶ್ರಾ ಅವರದೂ ಧಾರವಾಡ ಪೇಡೆ. ಅದಕ್ಕೆ ಜಿಐ ಗುರುತು, ಅಂದರೆ ಇದು ಈ ಊರಿನ ಪದಾರ್ಥ ಅನ್ನುವ ಸರ್ಕಾರಿ ಗುರುತು ಇದೆ, ನಿಮ್ಮ ಬ್ಯಾಡಗಿ ಮೆಣಸಿನಕಾಯಿಗೆ 2011ರಲ್ಲಿ ಸಿಕ್ಕಂತೆ. ಊರಿನ ಹೆಸರನ್ನು ಒಬ್ಬನೇ ಎತ್ತಿ ಕಿಸೆಗೆ ಹಾಕಿಕೊಳ್ಳಲು ಆಗದು.

ಹಳೇ ಡಿಪೋ:

ಮೂರನೆಯದೂ ಒಂದಿದೆ. ಮೊದಲು ಒಂದೇ ಮನೆ, ಆಮೇಲೆ ಪಾಲಾದದ್ದು. ವೋಲ್ವೋ ಬಸ್ಸು ಹತ್ತಿ ಬೆಂಗಳೂರಿಗೆ ಹೋಗುತ್ತೀರಲ್ಲ, ವೋಲ್ವೋ ಕಾರಿಗೂ ಅದಕ್ಕೂ ಈಗ ಒಬ್ಬ ಮಾಲೀಕ ಅಲ್ಲ. ಕಾರಿನ ಕಂಪನಿಯನ್ನು 1999ರಲ್ಲಿ ಫೋರ್ಡ್‌ಗೆ ಮಾರಿದರು, 2010ರಲ್ಲಿ ಅದು ಚೀನಾದ ಗೀಲಿ ಕೈಗೆ ಹೋಯಿತು. ಬಸ್ಸು, ಲಾರಿ ಸ್ವೀಡನ್‌ನ ಹಳೆ ಕಂಪನಿ ಹತ್ತಿರವೇ ಉಳಿದವು. ಫಿಲಿಪ್ಸ್ ಬಲ್ಬ್ ಡಬ್ಬಿ ತಿರುಗಿಸಿ ಓದಿ, ಸಿಗ್ನಿಫೈ ಅಂತ ಇರುತ್ತೆ. ಅಣ್ಣತಮ್ಮಂದಿರು ಹೊಲ ಪಾಲು ಮಾಡಿಕೊಂಡು ಮನೆತನದ ಹೆಸರು ಇಬ್ಬರೂ ಇಟ್ಟುಕೊಂಡ ಹಾಗೆ.

ನಿಮ್ಮ ಮಿಕ್ಸರ್ ಯಾವ ಜಾತಿ ಅಂತ ಮೊದಲು ಪತ್ತೆ ಮಾಡಿ. ಮೇಲೆ ದಪ್ಪಗೆ ಬರೆದ ಹೆಸರು ಬಿಡಿ, ಕೆಳಗೆ ಇರುವೆ ಸಾಲಿನಷ್ಟು ಸಣ್ಣದಾಗಿ ತಯಾರಕರು ಯಾರು ಅಂತ ಇರುತ್ತೆ. ಬಿಲ್ಲಿನಲ್ಲಿ ಜಿಎಸ್‌ಟಿ ನಂಬರ್ 29ರಿಂದ ಶುರುವಾಗಿದ್ದರೆ ಮಾರಿದವರು ಕರ್ನಾಟಕದಲ್ಲಿ ನೋಂದಣಿ ಆದವರು. ವಾರಂಟಿ ಕೊಡಬೇಕಾದವರು ಆ ಸಣ್ಣಕ್ಷರದವರೇ. ಅವರು ಸಿಗದಿದ್ದರೆ ಮಾರಿದ ಅಂಗಡಿಯವನನ್ನು ಹಿಡಿಯಿರಿ, ಅವನು ಎಲ್ಲಿಗೂ ಓಡಿ ಹೋಗಿಲ್ಲವಲ್ಲ.

ಬ್ಯಾಡಗಿ ರೊಟ್ಟಿಮನೆ:

ಎಲ್ಲರಿಗೂ ಥ್ಯಾಂಕ್ಸ್ ರೀ. ಮಿಕ್ಸರ್ ಬುಡ ಮೇಲೆ ಮಾಡಿ, ಮಗನ ಮೊಬೈಲಿನಲ್ಲಿ ಫೋಟೋ ಹೊಡೆದು ದೊಡ್ಡದು ಮಾಡಿ ಓದಿದೆ. ಬೇರೆ ರಾಜ್ಯದ ಯಾವುದೋ ಕಂಪನಿ. ಫೋನ್ ಮಾಡಿದರೆ ಪಾಪ, ಮರ್ಯಾದೆಯಿಂದಲೇ ಮಾತಾಡಿದರು, ಅಂಗಡಿಗೆ ಕೊಡಿ, ಹೊಸ ಮೋಟಾರ್ ಹಾಕಿ ಕಳಿಸುತ್ತೇವೆ ಅಂದರು. ನಾನು ಸುಮ್ನೆ ಹುಬ್ಬಳ್ಳಿಗೆ ಹೊತ್ತು ತಿರುಗಿದೆ.

ವಕೀಲರೇ, ಒಂದು ಪ್ರಶ್ನೆ ಉಳಿದಿದೆ. ಹೆಸರು ನೋಂದಣಿಗೆ ಎಷ್ಟು ಖರ್ಚು, ಚಟ್ನಿ ಯಾವ ವರ್ಗ?

ಕೋರ್ಟ್ ಸರ್ಕಲ್:

ಚಟ್ನಿ, ರೊಟ್ಟಿ, ಮಸಾಲೆ 30ನೇ ವರ್ಗ. ಮುಂದೆ ಖಾನಾವಳಿ ತೆಗೆದರೆ ಅದು 43, ಬೇರೆ ಅರ್ಜಿ. ಆನ್‌ಲೈನ್‌ನಲ್ಲಿ ಹಾಕಿದರೆ ಒಬ್ಬ ವ್ಯಕ್ತಿಗೆ ಅಥವಾ ಸಣ್ಣ ಉದ್ಯಮಕ್ಕೆ ಒಂದು ವರ್ಗಕ್ಕೆ 4,500 ರೂಪಾಯಿ ಸರ್ಕಾರದ ಫೀ, ದೊಡ್ಡ ಕಂಪನಿಗಾದರೆ 9,000. ಟ್ರೇಡ್‌ಮಾರ್ಕ್ ಇಲಾಖೆಯ ಜರ್ನಲ್ಲಿನಲ್ಲಿ ನಿಮ್ಮ ಹೆಸರು ಪ್ರಕಟ ಆದಮೇಲೆ ನಾಲ್ಕು ತಿಂಗಳು ಯಾರು ಬೇಕಾದರೂ ತಕರಾರು ಹಾಕಬಹುದು. ಸಿಕ್ಕರೆ ಹತ್ತು ವರ್ಷ, ಆಮೇಲೆ ಮತ್ತೆ ಮುಂದುವರಿಸಬಹುದು. ದುಡ್ಡು ಕಟ್ಟುವ ಮೊದಲು ಟ್ರೇಡ್‌ಮಾರ್ಕ್ ಇಲಾಖೆಯ ವೆಬ್‌ಸೈಟಿನಲ್ಲಿ ಪಬ್ಲಿಕ್ ಸರ್ಚ್ ಇದೆ, ಪುಕ್ಕಟೆ, ಅದರಲ್ಲಿ 30 ಹಾಕಿ ನಿಮ್ಮ ಹೆಸರು ಹುಡುಕಿ. ಪಾಕೀಟಿನ ಮೇಲೆ 14 ಅಂಕಿಯ ಆಹಾರ ಸುರಕ್ಷತಾ ನಂಬರ್ ಹಾಕುವುದನ್ನು ಮರೆಯಬೇಡಿ. ಅದು ಟ್ರೇಡ್‌ಮಾರ್ಕ್ ಅಲ್ಲ, ಆದರೆ ಅದೇ ಹೆಸರಿನ ಇನ್ನೊಂದು ಚಟ್ನಿ ಬಂದರೂ ಆ ನಂಬರ್ ನಿಮ್ಮದೊಂದೇ.

ಬ್ಯಾಡಗಿ ರೊಟ್ಟಿಮನೆ:

ನಿನ್ನೆ ಹುಬ್ಬಳ್ಳಿಗೆ ಬೇರೆ ಕೆಲಸದ ಮೇಲೆ ಹೋಗಿದ್ದೆ. ಬಸ್ಸಿನ ಕಿಟಕಿಯಿಂದ ಸಿದ್ಧಾರೂಢ ಹೆಸರಿನ ಬೋರ್ಡ್ ಎಣಿಸುತ್ತಾ ಕೂತೆ. ಕಿರಾಣಿ, ಟೈರು, ಬಟ್ಟೆ, ಮೆಡಿಕಲ್. ಹನ್ನೊಂದಕ್ಕೆ ಎಣಿಸುವುದು ಬಿಟ್ಟೆ. ಮನೆಗೆ ಬಂದು ಅತ್ತಿಗೆಗೆ ಹೇಳಿದರೆ ಮೊದಲು ಮುಖ ಸಣ್ಣ ಮಾಡಿಕೊಂಡರು. ಆಮೇಲೆ ಅವರೇ, "ಅಜ್ಜನ ಫೋಟೋ ಒಲೆ ಮೇಲಿನ ಗೋಡೆಗೆ ಇರಲಿ, ಪಾಕೀಟಿಗೆ ಬೇರೆ ಹೆಸರು ಹಾಕೋಣ" ಅಂದರು. ಹೆಸರೂ ಅವರೇ ಹೇಳಿದರು, ಭಾಳ ಚಲೋ ಇದೆ, 30ರಲ್ಲಿ ಹುಡುಕಿದೆ, ಯಾರದೂ ಇಲ್ಲ.

ಇಲ್ಲಿ ಮಾತ್ರ ಬರೆಯುವುದಿಲ್ಲ ರೀ. ಗದಗ ಪ್ರೆಸ್ಸಿನವರು ಓದುತ್ತಿದ್ದಾರೆ, ಅವರ ಟೇಬಲ್ ಮುಂದೆ ಯಾರು ಕೂತಿರುತ್ತಾರೋ ಯಾರಿಗೆ ಗೊತ್ತು. ಅರ್ಜಿ ಹಾಕಿದ ಮೇಲೆ ಹೇಳುತ್ತೇನೆ.