ಕುದುರೆಗೆ ಹೆರಿಗೆ ನೋವು ಇಲ್ವಂತೆ!

ಚಿಕ್ಕಪ್ಪ: [ಹಲವು ಬಾರಿ ಫಾರ್ವರ್ಡ್ ಆದ ವಿಡಿಯೋ] ಪ್ರಕೃತಿಯ ವಿಸ್ಮಯ!! ಕುದುರೆ ಕೆಲವೇ ನಿಮಿಷಗಳಲ್ಲಿ, ಒಂದು ಚೂರೂ ನೋವಿಲ್ಲದೆ ಮರಿ ಹಾಕುತ್ತದೆ. ಹೆರಿಗೆ ನೋವು ಮನುಷ್ಯರಿಗೆ ಮಾತ್ರ. ತಪ್ಪದೆ ಎಲ್ಲರಿಗೂ ಕಳಿಸಿ

ಅತ್ತೆ: 🙏🙏

ರಘು: ನೋವಿಲ್ಲ ಅಂತ ಕುದುರೆ ಯಾರ ಹತ್ರ ಹೇಳ್ಕೊಂಡಿತ್ತಂತೆ ಚಿಕ್ಕಪ್ಪ?

ಚಿಕ್ಕಪ್ಪ: ಮೊದಲು ವಿಡಿಯೋ ನೋಡೋ. ಒಂದು ಸಲನಾದ್ರೂ ಕೂಗಿತಾ? ಮಲಗಿತು, ಮರಿ ಬಂತು, ನೆಕ್ಕಿತು. ಮುಗೀತು.

ಅತ್ತೆ: ಲೋ, ನನ್ನ ಎರಡನೇ ಹೆರಿಗೇಲಿ ನಾನೂ ಪಿಟಿಕ್ ಅನ್ನಲಿಲ್ಲ. ನೋವಿರಲಿಲ್ಲ ಅಂದ್ಕೊಂಡ್ಯಾ?

ರಘು: 😂 ಅತ್ತೆ, ನೀವೇ ಈಗ ಕೈಮುಗಿದ್ರಲ್ಲ?

ಅತ್ತೆ: ಅದು ಕುದುರೆಗೆ ಮುಗಿದಿದ್ದು

ಸುಮಕ್ಕ: ಚಿಕ್ಕಪ್ಪ, ಕುದುರೆಯನ್ನ ಕೂಗಿನಿಂದ ಅಳೆಯೋಕೆ ಆಗಲ್ಲ. ಬೇಟೆಗೆ ಸಿಕ್ಕಿಬೀಳೋ ಜಾತಿ ಅದು. ನರಳಿದ್ರೆ ತೋಳಕ್ಕೆ ತಾನೇ ವಿಳಾಸ ಕೊಟ್ಟ ಹಾಗೆ. 40ನೇ ಸೆಕೆಂಡಿಗೆ ನಿಲ್ಲಿಸಿ ಮುಖ ನೋಡಿ. ಕಿವಿ ಬಿಗಿದು ಹಿಂದಕ್ಕೆ ಹೋಗಿದೆ, ಕಣ್ಣು ಅರ್ಧ ಮುಚ್ಚಿದೆ, ಹೊಳ್ಳೆ ಸೆಟೆದಿದೆ, ದವಡೆ ಎದ್ದು ಕಾಣ್ತಿದೆ. 2014ರಲ್ಲಿ ಕುದುರೆ ಮುಖ ನೋಡಿ ನೋವು ಗುರುತಿಸೋಕೆ ಒಂದು ಅಳತೆ ಮಾಡಿದ್ರು, ಹಾರ್ಸ್ ಗ್ರಿಮೇಸ್ ಸ್ಕೇಲ್ ಅಂತ. ಅದರಲ್ಲಿರೋ ಆರು ಗುರುತುಗಳಲ್ಲಿ ಇವೂ ಇವೆ. ಅದನ್ನ ಮಾಡಿದ್ದು ಬೀಜ ತೆಗೆಸಿದ ಕುದುರೆಗಳನ್ನ ನೋಡಿ, ಹೆರಿಗೆ ನೋಡಿ ಅಲ್ಲ. ಅದನ್ನೂ ಹೇಳಿಬಿಡ್ತೀನಿ, ಆಮೇಲೆ ಹಿಡ್ಕೋಬೇಡಿ.

ಚಿಕ್ಕಪ್ಪ: ಅದು ತಿಣುಕೋ ಆಯಾಸ ಕಣಮ್ಮ, ನೋವಲ್ಲ.

ಸುಮಕ್ಕ: ತಿಣುಕೋಕೆ ಮುಂಚೆ ಏನಾಗುತ್ತೆ ಅಂತ ನಿಮ್ಮ ವಿಡಿಯೋದಲ್ಲಿ ಇಲ್ಲವೇ ಇಲ್ಲ. ಅದಕ್ಕೆ ಒಂದು ಗಂಟೆ, ಕೆಲವು ಸಲ ಇನ್ನೂ ಹೆಚ್ಚು ಹಿಡಿಯುತ್ತೆ. ತಿರುಗಿ ತಿರುಗಿ ಪಕ್ಕೆ ನೋಡ್ಕೊಳ್ಳುತ್ತೆ, ಮುಂಗಾಲಲ್ಲಿ ನೆಲ ಕೆರೆಯುತ್ತೆ, ಕತ್ತು ಬೆವರುತ್ತೆ, ಮಲಗಿ ಏಳುತ್ತೆ, ಮತ್ತೆ ಮಲಗುತ್ತೆ. ಹೊಟ್ಟೆಶೂಲೆ ಬಂದ ಕುದುರೆನೂ ಹೀಗೇ ಮಾಡೋದು. ಎಷ್ಟೋ ವರ್ಷ ಕುದುರೆ ಸಾಕಿದವರಿಗೂ ಕೆಲವು ಸಲ ಯಾವುದು ಯಾವುದು ಅಂತ ಗೊತ್ತಾಗಲ್ಲ. ಶೂಲೆಯಾದ್ರೆ ನೋವು, ಹೆರಿಗೆಯಾದ್ರೆ ವಿಸ್ಮಯನಾ?

ರಘು: 👏👏

ವಿನಯ್: ಸುಮಕ್ಕ, ದೇಹವೇ ನೋವು ಇಳಿಸುತ್ತೆ ಅಂತಾರಲ್ಲ? ಎಂಡಾರ್ಫಿನ್?

ಚಿಕ್ಕಪ್ಪ: ಹಾಂ! ಕೇಳು ಕೇಳು.

ಸುಮಕ್ಕ: ಇಳಿಸುತ್ತೆ. ಹೆರಿಗೆ ಹತ್ತಿರ ಬಂದ ಹಾಗೆ ನೋವು ತಡೆಯೋ ಶಕ್ತಿ ಏರುತ್ತೆ ಅಂತ 1980ರಲ್ಲೇ ಇಲಿಗಳಲ್ಲಿ ತೋರಿಸಿದ್ದಾರೆ. ಇಲಿ ತನ್ನ ಮಾಸು ತಿಂದ್ರೆ ಅದರ ಪರಿಣಾಮ ಇನ್ನೂ ಹೆಚ್ಚುತ್ತೆ. (ಕುದುರೆ ಸಾಮಾನ್ಯವಾಗಿ ಮಾಸು ಮುಟ್ಟಲ್ಲ.) ಆದ್ರೆ ನೋವೇ ಇಲ್ಲದ ಕೆಲಸಕ್ಕೆ ದೇಹ ಇಷ್ಟೆಲ್ಲ ತಯಾರಿ ಯಾಕೆ ಮಾಡ್ಕೊಳ್ಳುತ್ತೆ ಹೇಳಿ?

ಚಿಕ್ಕಪ್ಪ: ಮನುಷ್ಯರಷ್ಟು ಇಲ್ಲ ತಾನೇ? ನಾವು ಎರಡು ಕಾಲಲ್ಲಿ ನಡೆಯೋರು, ಮಗು ತಲೆ ದೊಡ್ಡದು.

ಸುಮಕ್ಕ: ಆ ಮಾತಲ್ಲಿ ಹುರುಳಿದೆ. ನಮ್ಮಲ್ಲಿ ದಾರಿ ಇಕ್ಕಟ್ಟು, ಮಗು ತಿರುಗಿಕೊಂಡು ಬರಬೇಕು. ಚಿಂಪಾಂಜಿಗೆ ಜಾಗ ಧಾರಾಳ. ಕಾಂಗರೂ ಮರಿಯಂತೂ ಹುಟ್ಟುವಾಗ ಸುಮಾರು 1 ಗ್ರಾಂ. ಆದ್ರೆ ಚುಕ್ಕೆ ಕತ್ತೆಕಿರುಬ ನೋಡಿ. ಹೆಣ್ಣಿಗೆ ಗಂಡಿನ ಅಂಗದ ಹಾಗೇ ಉದ್ದನೆಯದೊಂದು ಇರುತ್ತೆ, ಮರಿ ಅದರೊಳಗಿಂದಲೇ ಬರಬೇಕು. ಚೊಚ್ಚಲಿಗೆ ಅದು ಹರಿದುಹೋಗುತ್ತೆ, ಎಷ್ಟೋ ಮರಿಗಳು ಉಸಿರುಕಟ್ಟಿ ಸಾಯ್ತವೆ.

ಅತ್ತೆ: ಸುಮಾ, ಗುಂಪಲ್ಲಿ ಮಕ್ಕಳಿದಾವೆ

ರಘು: ಮಕ್ಕಳು ಈಗಾಗ್ಲೇ ಗೂಗಲ್ ಮಾಡ್ತಿದಾವೆ ಅತ್ತೆ

ಚಿಕ್ಕಪ್ಪ: ನೋವು ಅನ್ನೋದಕ್ಕೆ ಮನಸ್ಸು ಬೇಕು. ಬಾಯಿಬಿಟ್ಟು ಹೇಳದ ಪ್ರಾಣಿಗೆ ನೋವಿದೆ ಅಂತ ನೀನು ಹೇಗೆ ಹೇಳ್ತೀಯ?

ಸುಮಕ್ಕ: ಹಸುಗೂಸು ಹೇಳುತ್ತಾ? ನೋವಿನ ಅಧ್ಯಯನದ ಅಂತರರಾಷ್ಟ್ರೀಯ ಸಂಘ 2020ರಲ್ಲಿ ನೋವಿನ ವ್ಯಾಖ್ಯೆ ತಿದ್ದಿದಾಗ ಇದನ್ನೇ ಸೇರಿಸಿತು. ಹೇಳೋಕೆ ಬರಲ್ಲ ಅಂದ ಮಾತ್ರಕ್ಕೆ ಮನುಷ್ಯನಿಗಾಗಲಿ ಪ್ರಾಣಿಗಾಗಲಿ ನೋವಿಲ್ಲ ಅನ್ನೋ ಹಾಗಿಲ್ಲ ಅಂತ. ಗರ್ಭಕೋಶ ಹಿಂಡೋದು, ಗರ್ಭಕೊರಳು ಹಿಗ್ಗೋದು, ಆ ಹಿಂಡೋದನ್ನ ಮಾಡಿಸೋ ಆಕ್ಸಿಟೋಸಿನ್ ಹಾರ್ಮೋನು, ನೋವಿನ ಸುದ್ದಿ ಒಯ್ಯೋ ನರಗಳು ಎಲ್ಲ ಕುದುರೆಗೂ ಇವೆ. ಕಷ್ಟದ ಹೆರಿಗೆಯಾದ ಹಸುವಿಗೆ ನಾವು ನೋವಿನ ಇಂಜೆಕ್ಷನ್ ಕೊಡೋದು ಸುಮ್ಮನೆ ಅಲ್ಲ.

ವಿನಯ್: ಆದ್ರೂ ಅಷ್ಟು ಬೇಗ ಹೇಗೆ ಮುಗಿಯುತ್ತೆ?

ಸುಮಕ್ಕ: ಬಯಲಲ್ಲಿ ಮಲಗಿದ ಕುದುರೆಗೆ ಅಪಾಯ, ಅದಕ್ಕೇ ಹೆಚ್ಚಾಗಿ ರಾತ್ರಿ, ಆದಷ್ಟು ಬೇಗ. ನೀರಿನ ಚೀಲ ಒಡೆದ ಮೇಲೆ 20-30 ನಿಮಿಷ. ನನಗೆ ಈ ಫಾರ್ವರ್ಡ್ ಮೇಲೆ ಸಿಟ್ಟು ಬರೋದು ಇಲ್ಲೇ. ಅರ್ಧ ಗಂಟೆ ಆದ್ರೂ ಮರಿ ಬರಲಿಲ್ಲ ಅಂದ್ರೆ ಡಾಕ್ಟರಿಗೆ ಫೋನ್ ಮಾಡಬೇಕು. ಬಿಳಿ ಪೊರೆ ಬದಲು ಕೆಂಪು ಮಕಮಲ್ ಥರದ ಚೀಲ ಕಂಡ್ರೆ ಮಾಸು ಮುಂಚೆನೇ ಬಿಟ್ಟಿದೆ, ಮರಿಗೆ ಆಮ್ಲಜನಕ ಸಿಗ್ತಿಲ್ಲ ಅಂತರ್ಥ. ಆಗ ಡಾಕ್ಟರಿಗೆ ಕಾಯೋ ಹಾಗೂ ಇಲ್ಲ, ಚೀಲ ಹರಿದು ಮರಿ ಎಳೀಬೇಕು. ಕುದುರೆಗೆ ನೋವೇ ಇಲ್ಲ, ಅದಾಗೇ ಆಗುತ್ತೆ ಅಂತ ನಂಬಿದವನು ಹೊದ್ದು ಮಲಗಿರ್ತಾನೆ.

ಚಿಕ್ಕಪ್ಪ: ಸರಿ, 'ಒಂದು ಚೂರೂ' ಅನ್ನೋದು ತೆಗೀತೀನಿ. ಮನುಷ್ಯರಷ್ಟಿಲ್ಲ ಅನ್ನೋದು ಮಾತ್ರ ಬಿಡಲ್ಲ.

ಸುಮಕ್ಕ: ಇಟ್ಕೊಳ್ಳಿ. ಅದನ್ನ ಅಳೆಯೋ ತಕ್ಕಡಿ ನನ್ನ ಹತ್ರನೂ ಇಲ್ಲ.

ರಘು: ಸುಮಕ್ಕ, ಕೋಳಿಗೆ? ಮೊಟ್ಟೆ ಇಡುವಾಗ?

ಸುಮಕ್ಕ: ಮೊಟ್ಟೆ ಸಿಕ್ಕಿಕೊಂಡ ಕೋಳಿ ನೋಡಿಲ್ಲ ನೀನು. ಕಾಳು ಮುಟ್ಟಲ್ಲ, ಗೂಡಲ್ಲಿ ಪೆಂಗ್ವಿನ್ ಥರ ನೆಟ್ಟಗೆ ನಿಂತು ತಿಣುಕುತ್ತೆ. ಡ್ಯೂಟಿಗೆ ಹೊತ್ತಾಯ್ತು, ರಾತ್ರಿ ಬರೀತೀನಿ.

ಚಿಕ್ಕಪ್ಪ: ಕೋಳಿದೂ ಒಂದು ವಿಡಿಯೋ ಇದೆ, ತಾಳು ಹುಡುಕ್ತೀನಿ