ಆಂಡಿ ಕೌಫ್‌ಮನ್ ಥರದ ಮೌನ 5 ನಿಮಿಷದ ಓಪನ್ ಮೈಕ್‌ನಲ್ಲಿ ನಿಲ್ಲುತ್ತದೆಯೇ?

ಡೊಂಬಿವಲಿ ಕನ್ನಡಿಗ:
ಅಂಧೇರಿ ಕಡೆಯ ಓಪನ್ ಮೈಕ್‌ಗಳಲ್ಲಿ (ಯಾರು ಬೇಕಾದರೂ ವೇದಿಕೆ ಏರಬಹುದಾದ ಹಾಸ್ಯ ಸಂಜೆಗಳು) ಅಮೆರಿಕದ ಹಾಸ್ಯಗಾರ ಕೌಫ್‌ಮನ್ ಹೆಸರು ಹೇಳಿಕೊಂಡು ಸುಮ್ಮನೆ ನಿಂತುಬಿಡುವವರಿದ್ದಾರೆ. ಜನ ನಗುವುದಿಲ್ಲ, ಮೊಬೈಲ್ ತೆಗೆಯುತ್ತಾರೆ. ಅದೇ ಮೌನಕ್ಕೆ 1975ರಲ್ಲಿ ಆತನಿಗೆ ನಗು ಹೇಗೆ ಬಂತು? ಮಾಟುಂಗಾದ ಮೈಸೂರು ಅಸೋಸಿಯೇಷನ್‌ನಲ್ಲಿ ನಮ್ಮವರ ಮುಂದೆ ಮಾಡುವುದಾದರೆ ಏನು ಸಿದ್ಧತೆ ಬೇಕು?

ಪುಣೆ ರಂಗಾಸಕ್ತ:
ಆತ ಸುಮ್ಮನೆ ನಿಂತದ್ದಲ್ಲ ಸರ್. 1975ರ ಅಕ್ಟೋಬರ್ 11, ಅಮೆರಿಕದ ಟಿವಿ ಹಾಸ್ಯ ಕಾರ್ಯಕ್ರಮ 'ಸ್ಯಾಟರ್ಡೇ ನೈಟ್ ಲೈವ್'ನ ಮೊದಲ ಕಂತು ನೋಡಿ. ಪಕ್ಕದಲ್ಲಿ ರೆಕಾರ್ಡ್ ಪ್ಲೇಯರ್, ಮೈಟಿ ಮೌಸ್ ಕಾರ್ಟೂನಿನ ಹಾಡು. ಆತ ಕಣ್ಣು ಪಿಳಿಪಿಳಿ ಬಿಡುತ್ತಾ ನಿಂತಿರುತ್ತಾನೆ. 'ಕಾಪಾಡಲು ಇಗೋ ಬಂದೆ' ಎಂಬರ್ಥದ ಒಂದೇ ಸಾಲಿಗೆ ಕೈಯೆತ್ತಿ, ಎದೆಯುಬ್ಬಿಸಿ ತುಟಿಯಾಡಿಸುತ್ತಾನೆ. ಸಾಲು ಮುಗಿದರೆ ಮತ್ತೆ ಅದೇ ಪೆಚ್ಚು ಮುಖ. ಎರಡನೇ ಸಲಕ್ಕೆ ಸಭೆಗೆ ಲೆಕ್ಕ ಸಿಕ್ಕಿ, ಆ ಸಾಲಿಗೇ ಕಾಯತೊಡಗುತ್ತದೆ. ನಡುವೆ ತಪ್ಪು ಜಾಗದಲ್ಲಿ ಶುರುಮಾಡಲು ಹೋಗಿ ತಡೆದುಕೊಳ್ಳುತ್ತಾನೆ, ನೀರು ಕುಡಿಯುತ್ತಾನೆ. ನಗು ಹುಟ್ಟುವುದು ಆ ಕಾಯುವಿಕೆಯಲ್ಲಿ.

ಆತನ 'ಫಾರಿನ್ ಮ್ಯಾನ್' (ಅಳುಕುವ ವಿದೇಶಿಗ) ಪಾತ್ರದಲ್ಲೂ ಇದೇ ಕಟ್ಟು. ಅಮೆರಿಕದ ಅಧ್ಯಕ್ಷ ಕಾರ್ಟರ್ ಮಿಮಿಕ್ರಿ ಎಂದು ಹೇಳಿ ತನ್ನದೇ ಅಳುಕಿನ ದನಿಯಲ್ಲಿ ಮಾತಾಡುತ್ತಾನೆ. ಜನ 'ಅಯ್ಯೋ ಪಾಪ' ಅನ್ನುವ ಹೊತ್ತಿಗೆ ಬೆನ್ನು ತಿರುಗಿಸಿ, ಕೂದಲು ಬಾಚಿ, ಪಕ್ಕಾ ರಾಕ್ ಗಾಯಕ ಎಲ್ವಿಸ್ ಪ್ರೀಸ್ಲಿ ಆಗಿ ಹಾಡುತ್ತಾನೆ. ಈ ಪಾತ್ರವೇ 1978ರಲ್ಲಿ 'ಟ್ಯಾಕ್ಸಿ' ಧಾರಾವಾಹಿಯ ಲಾಟ್ಕಾ ಆದದ್ದು. ನಕಲು ಮಾಡುವವರು ಪೆಚ್ಚುತನವನ್ನಷ್ಟೇ ತರುತ್ತಾರೆ, ಕಾಯಿಸಿದ್ದಕ್ಕೆ ಫಲ ಕೊಡುವ ಎಲ್ವಿಸ್ ಇರುವುದಿಲ್ಲ.

ದಾದರ್ ಲೋಕಲ್:
ಒಪ್ಪಿದೆ. ಆ ಫಲ ಕೊಡದೇ ಹೋದಾಗ ಕೌಫ್‌ಮನ್ ಕೂಡ ಸೋತ. ಹೆಂಗಸರ ಜೊತೆ ಕುಸ್ತಿಗಿಳಿದು ಅವರನ್ನು ಹೀಯಾಳಿಸುತ್ತಾ ಹೋದ. ನಾಟಕವೋ ನಿಜವೋ ಎಂದು ಬಿಟ್ಟುಕೊಡಲೇ ಇಲ್ಲ. 1982ರ ನವೆಂಬರ್‌ನಲ್ಲಿ 'ಸ್ಯಾಟರ್ಡೇ ನೈಟ್ ಲೈವ್' ಆತ ಇನ್ನು ಬೇಕೇ ಬೇಡವೇ ಎಂದು ವೀಕ್ಷಕರ ಫೋನ್ ಮತ ಕೇಳಿತು: ಬೇಡ ಎಂದವರು 1,95,544, ಇರಲಿ ಎಂದವರು 1,69,186. ಆತ ಮತ್ತೆ ಅಲ್ಲಿ ನೇರಪ್ರಸಾರದಲ್ಲಿ ಕಾಣಿಸಿಕೊಳ್ಳಲಿಲ್ಲ. 1984ರ ಮೇನಲ್ಲಿ ಶ್ವಾಸಕೋಶದ ಕ್ಯಾನ್ಸರ್‌ನಿಂದ ತೀರಿಕೊಂಡ, 35 ವರ್ಷಕ್ಕೆ. ಧೈರ್ಯದ ಕೆಲಸವೇ, ಆದರೆ ಹೊಸಬರು ಮೊದಲು ಹಿಡಿಯಬೇಕಾದ ದಾರಿ ಅದಲ್ಲ.

ಮುಲುಂಡ್ ಸೌಂಡ್:
ಸಿದ್ಧತೆ ಕೇಳಿದಿರಲ್ಲ. 5 ನಿಮಿಷದ ಸ್ಲಾಟ್ ಅಂದರೆ 4ನೇ ನಿಮಿಷಕ್ಕೆ, ಮುಗಿಸಿ ಎಂದು ಹಿಂದಿನಿಂದ ಟಾರ್ಚ್ ತೋರಿಸುತ್ತಾರೆ. ಹಾಗಾಗಿ ಮೊದಲ ಫಲ 40 ಸೆಕೆಂಡಿನೊಳಗೆ ಬರಲಿ, ದೊಡ್ಡದು 3ನೇ ನಿಮಿಷಕ್ಕೆ. ಹಾಡು ಎಲ್ಲರಿಗೂ ಬಾಯಿಪಾಠ ಇರಬೇಕು, ದೂರದರ್ಶನ ಕಾಲದ ಜಾಹೀರಾತಿನಂಥದ್ದು. ಇಲ್ಲದಿದ್ದರೆ ನಿಮ್ಮ ಸಾಲು ಯಾವಾಗ ಬರುತ್ತದೆಂದು ಯಾರೂ ಕಾಯುವುದಿಲ್ಲ. ಹಾಡು ಹಾಕುವುದನ್ನು ಸೌಂಡ್‌ನವರ ಕೈಗೆ ಕೊಡಬೇಡಿ. ಗುಂಡಿ ಒತ್ತುವುದು ನೀವೇ ಎಂದು ಸಭೆಗೆ ಕಾಣಬೇಕು: ಸ್ಟೂಲಿನ ಮೇಲೆ ಹಳೇ ಟೇಪ್‌ರೆಕಾರ್ಡರ್, ಅದರ ಸ್ಪೀಕರ್‌ಗೆ ನಾಲ್ಕು ಬೆರಳು ದೂರದಲ್ಲಿ ಒಂದು ಮೈಕ್. ಮೊಬೈಲೇ ಗತಿ ಎಂದಾದರೆ ಫ್ಲೈಟ್ ಮೋಡ್‌ಗೆ ಹಾಕಿ, ನಡುವೆ ಕರೆ ಬಂದರೆ ಅಲ್ಲಿಗೇ ಮುಗಿಯಿತು.

ನಮ್ಮ ಸಭೆಗಳಲ್ಲಿ ನಿಜವಾದ ಗಂಡಾಂತರ ನಿರೂಪಣೆಯದ್ದು. 'ಈಗ ನಿಮ್ಮನ್ನು ಹೊಟ್ಟೆ ಹುಣ್ಣಾಗುವಂತೆ ನಗಿಸಲು ಬರುತ್ತಿದ್ದಾರೆ' ಎಂದು ಬಿಟ್ಟರೆ ಪೆಚ್ಚುತನವನ್ನು ಯಾರೂ ನಂಬುವುದಿಲ್ಲ. ಬರಿಯ ಹೆಸರು ಹೇಳಿ ಕೂರಲು ನಿರೂಪಕರಿಗೆ ಮೊದಲೇ ತಿಳಿಸಿ, ಚೀಟಿಯಲ್ಲಿ ಬರೆದೇ ಕೊಡಿ.