ಅಪ್ಪನ ಕಾಲಿನ ಗಾಯ, ನಮ್ಮ ಇನ್ಶೂರೆನ್ಸು

ಎಲ್ರಿಗೂ ನಮಸ್ಕಾರ. ಊರಲ್ಲಿರೋ ಅಪ್ಪ ಅಮ್ಮಂಗೆ ಯಾವ ಇನ್ಶೂರೆನ್ಸ್ ಮಾಡಿಸ್ಬೇಕು ಅಂತ ಇಲ್ಲಿ ಕೇಳ್ತಾನೇ ಇರ್ತಾರಲ್ವಾ, ಅದಕ್ಕೆ ನಮ್ಮನೆ ವಿಷ್ಯ ಹೇಳ್ತೀನಿ. ಒಂಬತ್ತು ವರ್ಷ ಜರ್ಮನಿಲಿದ್ದು ಈಗ ಬಸವನಗುಡಿಲಿ ಅಪ್ಪ ಅಮ್ಮನ ಜೊತೆನೇ ಇದೀವಿ.

ಅಪ್ಪಂಗೆ ಶುಗರ್ ಇದೆ. ನಾವು ಬರೋಕೆ ಮುಂಚೆ ಹೆಬ್ಬೆರಳ ಪಕ್ಕ ಚಪ್ಪಲಿ ಉಜ್ಜಿ ಗುಳ್ಳೆ ಎದ್ದಿತ್ತಂತೆ. ಶುಗರ್ ಜಾಸ್ತಿ ವರ್ಷ ಇದ್ರೆ ಪಾದದ ನರ ಮರಗಟ್ಟಿ ನೋವೇ ಗೊತ್ತಾಗಲ್ಲ, ಅಪ್ಪ ಅರಿಶಿನ ಹಚ್ಕೊಂಡು ಓಡಾಡ್ಕೊಂಡಿದ್ರು, ಡಾಕ್ಟ್ರಿಗೆ ತೋರ್ಸಿ ಅಂತ ಅಮ್ಮ ಎಷ್ಟು ಹೇಳಿದ್ರೂ "ಅಡ್ಮಿಟ್ ಆದ್ರೆ ತಾನೇ ಇನ್ಶೂರೆನ್ಸ್ ಬರೋದು, ಇಷ್ಟಕ್ಕೆಲ್ಲಾ ದುಡ್ಡು ಸುರೀಬೇಕಾ" ಅಂತ ಮುಂದೂಡ್ತಾ ಹೋದ್ರು. ಕೊನೆಗೆ ಕಾಲು ಊದ್ಕೊಂಡು ಜ್ವರ ಬಂದು ಆರು ದಿನ ಆಸ್ಪತ್ರೆ, ಒಂದು ಬೆರಳು ತೆಗೀಬೇಕಾಯ್ತು. ಬಿಲ್ ಕಂಪನಿಯವ್ರು ಕಟ್ಟಿದ್ರು, ಇಲ್ಲ ಅನ್ನಲ್ಲ. ಆದ್ರೆ ಗುಳ್ಳೆ ಇದ್ದಾಗ ಒಂದೆರಡು ಸಾವಿರ ಕೊಡದ ಪಾಲಿಸಿ ಬೆರಳು ಹೋದ್ಮೇಲೆ ಲಕ್ಷಗಟ್ಲೆ ಕೊಡುತ್ತೆ ಅನ್ನೋದು ನೆನೆಸ್ಕೊಂಡ್ರೆ ಈಗ್ಲೂ ಸಂಕಟ ಆಗುತ್ತೆ.

ಜರ್ಮನಿಲಿ ಸರ್ಕಾರಿ ವ್ಯವಸ್ಥೆಯ ಇನ್ಶೂರೆನ್ಸ್‌ನಲ್ಲಿ ಶುಗರ್ ಇರೋರಿಗೆ ಅಂತಾನೇ ಪ್ರೋಗ್ರಾಂ ಇದೆ, 2002ರಲ್ಲಿ ತಂದಿದ್ದು, ಸೇರ್ಕೊಂಡ್ರೆ ಮೂರು ಇಲ್ಲಾ ಆರು ತಿಂಗಳಿಗೊಂದ್ಸಲ ಡಾಕ್ಟ್ರು ನೋಡ್ತಾರೆ, ಪಾದ ನೋಡೋದು, ಕಣ್ಣು ನೋಡ್ಸೋದು ಎಲ್ಲಾ ಅದರೊಳಗೇ ಬರುತ್ತೆ. ಮಕ್ಕಳಿಗೂ ಅಷ್ಟೇ, ಹುಟ್ಟಿದ ದಿನದಿಂದ ಐದು ವರ್ಷದವರೆಗೆ ಯೂ1 ಇಂದ ಯೂ9 ಅಂತ ಚೆಕಪ್ಪು, ಹಳದಿ ಪುಸ್ತಕದಲ್ಲಿ ಡಾಕ್ಟ್ರು ಬರೆದು ಸೀಲ್ ಹಾಕ್ತಾರೆ. ಮಗಳ ಪುಸ್ತಕ ಈಗ್ಲೂ ಬೀರುಲಿದೆ.

ಇಲ್ಲೂ ಕಂಪನಿಗಳು ಆರೋಗ್ಯ ಚೆನ್ನಾಗಿ ನೋಡ್ಕೊಂಡ್ರೆ ಡಿಸ್ಕೌಂಟ್ ಅಂತಾರೆ, ಆದ್ರೆ ಹೆಚ್ಚಿನ ಕಡೆ ಅದು ಆ್ಯಪ್‌ನಲ್ಲಿ ಹೆಜ್ಜೆ ಲೆಕ್ಕ. ಅಪ್ಪ ಮೊದ್ಲಿಂದ ದಿನಾ ಬೆಳಿಗ್ಗೆ ಲಾಲ್‌ಬಾಗ್ ವೆಸ್ಟ್ ಗೇಟಿಂದ ಒಳಗೆ ಹೋಗಿ ನಡೆದು ಬರ್ತಿದ್ರು, ಫೋನ್ ಮನೇಲೇ ಇರ್ತಿತ್ತು, ಅವ್ರ ಹೆಜ್ಜೆ ಯಾರ ಲೆಕ್ಕಕ್ಕೂ ಬರ್ಲಿಲ್ಲ. ವರ್ಷಕ್ಕೊಂದು ಫ್ರೀ ಚೆಕಪ್ ಪಾಲಿಸಿಲೇ ಇತ್ತು, ಅದೂ ಆ್ಯಪ್‌ನಲ್ಲಿ ಬುಕ್ ಮಾಡ್ಬೇಕಿತ್ತು, ಹಾಗಾಗಿ ಅಪ್ಪ ಒಂದ್ಸಲಾನೂ ಹೋಗಿಲ್ಲ. ಮೂರು ತಿಂಗಳ ಶುಗರ್ ಸರಾಸರಿ ಹೇಳೋ ಎಚ್‌ಬಿಎ1ಸಿ ಟೆಸ್ಟ್ ಮಾಡಿಸ್ಕೊಂಡ್ರೆ ರಿನ್ಯೂವಲ್‌ನಲ್ಲಿ ಪ್ರೀಮಿಯಂ ಕಡಿಮೆ ಮಾಡ್ಲಿ, ಬೀದಿ ಕೊನೆ ಡಾಕ್ಟ್ರ ಹತ್ರ ಕಾಲು ತೋರ್ಸಿದ ಫೀಸ್ ಕೊಡ್ಲಿ, ಆ್ಯಪ್ ಬದ್ಲು ಕನ್ನಡದಲ್ಲಿ ಒಂದು ಫೋನ್ ಮಾಡಿ "ಈ ತಿಂಗ್ಳು ಚೆಕಪ್ ಇದೆ ಬನ್ನಿ ಸಾರ್" ಅನ್ಲಿ. ಇಷ್ಟು ಇದ್ದಿದ್ರೆ ಅಪ್ಪನ ಬೆರಳು ಉಳೀತಿತ್ತು ಅಂತಾನೇ ನಾನು ನಂಬಿರೋದು.

ಹೊಸದಾಗಿ ಮಾಡಿಸೋರಿಗೆ: 2024ರಿಂದ 65 ದಾಟಿದೋರೂ ಹೊಸ ಪಾಲಿಸಿ ತಗೋಬಹುದು, ಮೊದಲೇ ಇರೋ ಕಾಯಿಲೆಗೆ ಇನ್ಶೂರೆನ್ಸ್ ದುಡ್ಡು ಸಿಗೋಕೆ ಕಾಯೋ ಅವಧಿ ಹೆಚ್ಚಂದ್ರೆ 36 ತಿಂಗಳು, ಮುಂಚೆ 48 ಇತ್ತು. 2025ರ ಸೆಪ್ಟೆಂಬರ್ 22ರಿಂದ ಪರ್ಸನಲ್ ಪಾಲಿಸಿ ಮೇಲಿದ್ದ 18% ಜಿಎಸ್‌ಟಿ ಕೂಡ ತೆಗ್ದಿದಾರೆ. ಓಪಿಡಿ, ಅಂದ್ರೆ ಅಡ್ಮಿಟ್ ಆಗ್ದೇ ಡಾಕ್ಟ್ರಿಗೆ ತೋರ್ಸೋ ಖರ್ಚು, ಸೇರಿದ್ಯಾ ಅಂತ ಮಾತ್ರ ಮರೀದೆ ಕೇಳಿ, ಪ್ರೀಮಿಯಂ ಸ್ವಲ್ಪ ಜಾಸ್ತಿ ಆದ್ರೂ ಪರ್ವಾಗಿಲ್ಲ.

ಈಗ ರಾತ್ರಿ ಊಟಕ್ಕೆ ಮುಂಚೆ ಮಗಳು ಟಾರ್ಚ್ ಹಿಡ್ಕೊಂಡು ತಾತನ ಪಾದ, ಬೆರಳ ಸಂದಿ ಎಲ್ಲಾ ನೋಡಿ, ಅಡಿಗೆಮನೆ ಕ್ಯಾಲೆಂಡರ್‌ನಲ್ಲಿ ಆ ದಿನದ ಚೌಕಕ್ಕೆ ಟಿಕ್ ಹಾಕ್ತಾಳೆ. ನಿಮ್ಮ ಅಪ್ಪ ಅಮ್ಮಂಗೆ ಶುಗರ್ ಇದ್ರೆ ಇವತ್ತಿನ ವಿಡಿಯೋ ಕಾಲ್‌ನಲ್ಲಿ ಒಂದ್ಸಲ ಪಾದ ತೋರ್ಸೋಕೆ ಹೇಳಿ.